ಹೂಬತ್ತಿಯ ಕಳ್ಳಿ

ಹೊಸದುರ್ಗದ ನಮ್ಮ ಮನೆಯ ಹಿತ್ತಿಲಲ್ಲಿ ಅತ್ತೆ ಹೂಬತ್ತಿ ಹೊಸೆಯಲು ಕುಳಿತರೆಂದರೆ ಸಾಕು, ತೆಂಗಿನ ಮರದಿಂದ ಒಂದು ಅಳಿಲು ತಲೆಕೆಳಗಾಗಿ ಇಳಿದು ಬರುತ್ತಿತ್ತು. ಎರಡು ಮಾರು ದೂರದಲ್ಲಿ ನಿಂತು ಬಾಲ ಕುಣಿಸುತ್ತಾ ಚಿಕ್ ಚಿಕ್ ಎಂದು ಒಂದಷ್ಟು ಹೊತ್ತು ಜಗಳವಾಡಿ, ಅತ್ತೆ ಅತ್ತ ತಿರುಗಿದೊಡನೆ ಬುಟ್ಟಿಯಿಂದ ಬಾಯಿ ತುಂಬ ಹತ್ತಿ ಕಚ್ಚಿಕೊಂಡು ಮರವೇರಿಬಿಡುವುದು. ದೇವರ ಹತ್ತಿ ಎಂಜಲಾಯಿತಲ್ಲ ಎಂದು ನಾನು ಕೈ ಎತ್ತಿದರೆ, "ಬಿಡವ್ವ, ಬಸುರಿ ಇರಬೇಕು. ಬಾಣಂತನಕ್ಕೆ ಹಾಸಿಗೆ ಮಾಡ್ಕೊಳ್ತಾಳೆ" ಎನ್ನುವರು.

ಅತ್ತೆಯ ಮಾತು ಸುಳ್ಳಲ್ಲ. ನಮ್ಮ ಊರುಕೇರಿಯ ಅಳಿಲು ಸುಮಾರು ಐದು ವಾರ ಬಸುರಿಯಾಗಿದ್ದು ಎರಡೋ ಮೂರೋ ಮರಿ ಹಾಕುತ್ತದೆ. ಮರಿಗಳು ಮೈಮೇಲೆ ಕೂದಲಿಲ್ಲದೆ, ಕಣ್ಣು ಬಿಡದೆ ಹುಟ್ಟುತ್ತವೆ. ಅವಕ್ಕೆ ಬೆಚ್ಚಗಿರಲೆಂದು ತಾಯಿ ನಾರು, ಹತ್ತಿ, ಚಿಂದಿ, ಸಿಕ್ಕಿದ್ದನ್ನೆಲ್ಲ ತಂದು ತುರುಕುತ್ತಾಳೆ. ಗಂಡು ಇತ್ತ ತಲೆ ಹಾಕುವುದಿಲ್ಲ. (ಇದನ್ನು ಹೇಳಿದಾಗ ಅತ್ತೆಗೆ ಯಾವ ಆಶ್ಚರ್ಯವೂ ಆಗಲಿಲ್ಲ.)

ನನ್ನ ಮೈದುನನಿಗೆ ಮಾತ್ರ ಅಳಿಲೆಂದರೆ ಕೋಪ. ತೆಂಗು ನಂಬಿಕೊಂಡಿದ್ದವನು ಸಾಲ ತಂದು ದಾಳಿಂಬೆ ಹಾಕಿದ್ದ. ಕಾಯಿ ಕೆಂಪಗಾಗುವ ಹೊತ್ತಿಗೆ ಸರಿಯಾಗಿ ಅಳಿಲು ಬಂದು ಒಂದೊಂದರಲ್ಲೂ ತೂತು ಕೊರೆದು ಹೋಗುತ್ತಿತ್ತು. ಪೂರ್ತಿ ತಿಂದರೂ ಸಮಾಧಾನ ಪಡಬಹುದಿತ್ತು, ನಾಲ್ಕು ಕಾಳು ತಿಂದು ಮುಂದಿನ ಹಣ್ಣಿಗೆ ಹೋಗುತ್ತದೆ. ಆ ವರ್ಷ ಅವನು ಪೇಟೆಯಿಂದ ಇಲಿಪಾಷಾಣ ತಂದ, ಕೊಬ್ಬರಿ ಚೂರಿಗೆ ಸವರಿ ಗಿಡದ ಬುಡದಲ್ಲಿ ಇಡುವುದಕ್ಕೆ. ನಾನು ಬೇಡವೆಂದೆ. "ಅತ್ತಿಗೆ, ಪುಸ್ತಕ ಓದೋದು ನೀವು, ಸಾಲ ಕಟ್ಟೋನು ನಾನು" ಎಂದ. ಅದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ. ಉತ್ತರ ಕೊಟ್ಟವರು ಅತ್ತೆ: "ಆ ಕೈಲಿ ನಂಗೆ ನೀರು ಕೊಡಬೇಡ ಕಣಪ್ಪ." ಪಾಷಾಣದ ಪೊಟ್ಟಣ ಅಟ್ಟ ಸೇರಿತು. ಜಗಳ ಮಾತ್ರ ಮುಗಿಯಲಿಲ್ಲ.

ನಾನು ಪುಸ್ತಕ ಓದುವವಳು ತಾನೇ, ಅಳಿಲಿನ ಪರವಾಗಿ ಯಾರಾದರೂ ದೊಡ್ಡವರು ಸಾಕ್ಷಿ ನುಡಿದಿದ್ದಾರೆಯೇ ಎಂದು ಹುಡುಕುತ್ತಾ ಹೊರಟೆ. ಸಿಕ್ಕಿದ್ದು ಸಾಮಾನ್ಯರಲ್ಲ, ಅಶೋಕ ಚಕ್ರವರ್ತಿ! ನಮ್ಮ ಜಿಲ್ಲೆಯ ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರದ ಬಂಡೆಗಳ ಮೇಲೆ ಅವನ ಶಾಸನಗಳಿವೆ. 1892ರಲ್ಲಿ ಬಿ. ಎಲ್. ರೈಸ್ ಅವನ್ನು ಬೆಳಕಿಗೆ ತಂದರು. ಸುವರ್ಣಗಿರಿಯಿಂದ ಇಸಿಲದ ಅಧಿಕಾರಿಗಳಿಗೆ ಬಂದ ಈ ಆಜ್ಞೆಯಲ್ಲಿ ತಂದೆತಾಯಿಗಳ ಮಾತು ಕೇಳಬೇಕು, ಪ್ರಾಣಿಗಳ ಬಗ್ಗೆ ದಯೆ ದೃಢವಾಗಿರಬೇಕು, ಸತ್ಯ ನುಡಿಯಬೇಕು ಎಂದಿದೆ. ಅಳಿಲಿನ ಹೆಸರು ಇಲ್ಲಿಲ್ಲ. ಅದು ಬರುವುದು ಉತ್ತರದ ಕಂಬಗಳ ಮೇಲೆ ಕೆತ್ತಿಸಿದ ಐದನೆಯ ಸ್ತಂಭಶಾಸನದಲ್ಲಿ. ಪಟ್ಟಕ್ಕೆ ಬಂದು 26 ವರ್ಷಗಳಾದ ಮೇಲೆ ಅಶೋಕ ಕೊಲ್ಲಬಾರದ ಜೀವಿಗಳದೊಂದು ಪಟ್ಟಿ ಹೊರಡಿಸಿದ. ಗಿಣಿ, ಗೊರವಂಕ, ಬಾವಲಿ, ಆಮೆ, ಮುಳ್ಳುಹಂದಿಗಳ ಜೊತೆ 'ಪರ್ಣಶಶ' ಎಂಬ ಅರ್ಥದ ಒಂದು ಹೆಸರಿದೆ. ಎಲೆಗಳ ನಡುವಿನ ಮೊಲ ಎಂದಹಾಗೆ. ಅದನ್ನು ಅಳಿಲು ಎಂದೇ ಹಲವು ವಿದ್ವಾಂಸರು ಅರ್ಥ ಮಾಡಿದ್ದಾರೆ. ಜೀವಿಗಳಿರುವ ಹೊಟ್ಟಿಗೆ ಬೆಂಕಿ ಹಚ್ಚಬಾರದು, ಸುಮ್ಮಸುಮ್ಮನೆ ಕಾಡು ಸುಡಬಾರದು ಎಂಬ ಮಾತೂ ಅದರಲ್ಲೇ ಇದೆ. ಕಳಿಂಗವನ್ನು ಗೆದ್ದ ದೊರೆ ಹೊಟ್ಟಿನೊಳಗಿನ ಹುಳುವಿನ ಬಗ್ಗೆ ಯೋಚಿಸಿದನಲ್ಲ! ಇದನ್ನು ಮೈದುನನಿಗೆ ಓದಿ ಹೇಳಿದೆ. "ಅವನೇನು ದಾಳಿಂಬೆ ಬೆಳೆದಿದ್ನಾ?" ಎಂದ.

ಅತ್ತೆಗೆ ಅಶೋಕ ಬೇಕಿರಲಿಲ್ಲ, ರಾಮ ಸಾಕಿತ್ತು. ಸೇತುವೆ ಕಟ್ಟುವಾಗ ಅಳಿಲು ನೀರಿನಲ್ಲಿ ಮಿಂದು ಮರಳಿನಲ್ಲಿ ಹೊರಳಿ ಅದನ್ನೇ ಕೊಡವಿ ಬಂದದ್ದು, ರಾಮ ಬೆನ್ನು ಸವರಿದ್ದು, ಮೂರು ಗೆರೆ ಮೂಡಿದ್ದು ನಮಗೆಲ್ಲ ಗೊತ್ತು. 'ಅಳಿಲು ಸೇವೆ' ಎನ್ನದೆ ನಮ್ಮ ಯಾವ ಸಂಘದ ವಂದನಾರ್ಪಣೆಯೂ ಮುಗಿಯುವುದಿಲ್ಲ. ಆದರೆ ವಾಲ್ಮೀಕಿಯಲ್ಲಿ ಈ ಅಳಿಲು ಇಲ್ಲ. ಸಾವಿರಕ್ಕೂ ಹೆಚ್ಚು ವರ್ಷಗಳ ಹಿಂದೆ ಶ್ರೀರಂಗದಲ್ಲಿದ್ದ ತೊಂಡರಡಿಪ್ಪೊಡಿ ಆಳ್ವಾರರು ತಮ್ಮ 'ತಿರುಮಾಲೈ'ಯಲ್ಲಿ ಕಪಟವಿಲ್ಲದ ಆ ಅಳಿಲಿನಷ್ಟೂ ತಾನಿಲ್ಲವಲ್ಲ ಎಂದು ಕೊರಗಿದ್ದಾರೆ. ಕತೆ ದಕ್ಷಿಣದ್ದು, ಗೆರೆಯೂ ದಕ್ಷಿಣದ್ದೇ. ನಮ್ಮ ಕಡೆಯ ಅಳಿಲಿಗೆ ಬೆನ್ನ ಮೇಲೆ ಮೂರು ಬಿಳಿಗೆರೆ, ಉತ್ತರ ಭಾರತದ ಊರುಗಳ ಅಳಿಲಿಗೆ ಐದು. ಅಲ್ಲಿ ರಾಮ ಐದು ಬೆರಳನ್ನೂ ಆಡಿಸಿದನೋ ಏನೋ. 1766ರಲ್ಲಿ ಸ್ವೀಡನ್ನಿನ ಲಿನ್ನೇಯಸ್ ನಮ್ಮ ಮೂರು ಗೆರೆಯದಕ್ಕೆ ತಾಳೆ ಮರದ ಅಳಿಲೆಂದು ಹೆಸರಿಟ್ಟ. ಈಗಿನ ವಿಜ್ಞಾನಿಗಳು ಅದನ್ನು ಫುನಾಂಬುಲಸ್ ಎಂಬ ಕುಲಕ್ಕೆ ಸೇರಿಸಿದ್ದಾರೆ. ಲ್ಯಾಟಿನ್ನಿನಲ್ಲಿ ಹಾಗೆಂದರೆ ಹಗ್ಗದ ಮೇಲೆ ನಡೆಯುವವನು. ನಮ್ಮ ಬಟ್ಟೆ ಒಣಹಾಕುವ ತಂತಿಯ ಮೇಲೆ ದಿನಾ ನಡೆಯುವ ದೊಂಬರಾಟ ನೋಡಿದವರು ಈ ಹೆಸರನ್ನು ಒಪ್ಪಲೇಬೇಕು.

ಹೀಗೆ ಓದುತ್ತಿದ್ದಾಗ ತಿಳಿದ ಇನ್ನೊಂದು ಸಂಗತಿ ನನ್ನನ್ನು ಬಹಳ ದಿನ ಕಾಡಿತು. ನಮ್ಮ ವೇದಾವತಿಗೆ ಎರಡು ಅಳಿಲು. ವೇದಾ, ಅವತಿ ಎರಡೂ ಹುಟ್ಟುವುದು ಬಾಬಾಬುಡನ್‌ಗಿರಿಯಲ್ಲಿ. ಅಯ್ಯನಕೆರೆ, ಮದಗದಕೆರೆಗಳನ್ನು ದಾಟಿ ಕಡೂರಿನ ಬಳಿ ಕೂಡಿಕೊಂಡು ನಮ್ಮ ತಾಲ್ಲೂಕಿಗೆ ಬರುತ್ತವೆ. ಆ ಬೆಟ್ಟಸಾಲಿನ ಕಾಡಿನಲ್ಲಿರುವುದು ಕೆಂದಳಿಲು. ಬೆಕ್ಕಿನಷ್ಟು ದಪ್ಪ, ಕಂದುಗೆಂಪು ಮೈ, ಮೈಗಿಂತ ಉದ್ದದ ಪೊದೆಬಾಲ. ಒಮ್ಮೆ ಮುತ್ತೋಡಿಯಲ್ಲಿ ನೋಡಿ ನಾನು ಮಂಗವೆಂದೇ ತಿಳಿದಿದ್ದೆ. ಅದು ನೆಲಕ್ಕಿಳಿಯುವುದೇ ಅಪರೂಪ. ಇಪ್ಪತ್ತು ಅಡಿ ಬೇಕಾದರೂ ಹಾರೀತು, ಆದರೆ ಕೊಂಬೆಗೆ ಕೊಂಬೆ ಕೂಡಿಕೊಂಡ ಎತ್ತರದ ಮರಗಳು ಬೇಕು. ನಮ್ಮ ಬಯಲುಸೀಮೆಯಲ್ಲಿ ಅಂಥ ಕಾಡಿಲ್ಲ. 2015ರಲ್ಲಿ ವನ್ಯಜೀವಿ ಧಾಮವಾದ ಜೋಗಿಮಟ್ಟಿ ಕೂಡ ಬೇಸಿಗೆಯಲ್ಲಿ ಎಲೆ ಉದುರಿಸಿ ನಿಲ್ಲುವ ಒಣಕಾಡು. ದೂರದ ಕಾವೇರಿ ವನ್ಯಧಾಮದಲ್ಲಿ ಇನ್ನೊಂದು ದೊಡ್ಡ ಜಾತಿ ಇದೆ, ಬೂದುಬಣ್ಣದ್ದು. ಅದು ಹೊಳೆದಂಡೆಯ ಮತ್ತಿ, ಹುಣಸೆಗಳನ್ನೇ ನಂಬಿದೆ. ದಂಡೆಯ ಮರ ಹೋದರೆ ಅದೂ ಹೋದಂತೆ.

ನಮ್ಮ ಮೂರು ಗೆರೆಯದು ಅಷ್ಟು ಹಟಮಾರಿಯಲ್ಲ. ಅದಕ್ಕೆ ಕಾಡು ಬೇಡ, ಮನುಷ್ಯ ನೆಟ್ಟ ಮರ ಸಾಕು. ಹಾಗಾಗಿ ನಮ್ಮ ಸೀಮೆಯ ಮರಗಳ ಚರಿತ್ರೆಯೇ ಅದರ ಚರಿತ್ರೆ. ನನ್ನ ತವರು ಹಿರಿಯೂರು. ಅಲ್ಲಿಗೆ ಹತ್ತಿರದ ಮಾರಿಕಣಿವೆಯಲ್ಲಿ ಎರಡು ಗುಡ್ಡಗಳ ನಡುವೆ 1898ರಲ್ಲಿ ಕಟ್ಟೆಯ ಕೆಲಸ ಆರಂಭವಾಗಿ 1907ರಲ್ಲಿ ಮುಗಿಯಿತು. ಕೆಲಸ ಆರಂಭವಾದಾಗ ಮಗನ ಪರವಾಗಿ ರಾಜ್ಯವಾಳುತ್ತಿದ್ದವರು ಮಹಾರಾಣಿ ಕೆಂಪನಂಜಮ್ಮಣ್ಣಿಯವರು, ವಾಣಿವಿಲಾಸ ಸನ್ನಿಧಾನ. ಒಬ್ಬ ಹೆಣ್ಣುಮಗಳ ಹೆಸರು ಹೊತ್ತ ಆ ಸಾಗರದ ಕೆಳಗೆ ಹೊಳೆದಂಡೆಯ ಹೊಂಗೆ, ಈಚಲು ಎಷ್ಟು ಮುಳುಗಿದವೋ ಯಾರು ಲೆಕ್ಕವಿಟ್ಟರು? ಆದರೆ ನಾಲೆಯಲ್ಲಿ ನೀರು ಹರಿದಲ್ಲೆಲ್ಲ ತೆಂಗಿನ ತೋಟ ಎದ್ದಿತು, ತೋಟದ ಹಿಂದೆಯೇ ಅಳಿಲು ಬಂತು.

ಹತ್ತೊಂಬತ್ತನೆಯ ಶತಮಾನದಲ್ಲಿ ಸಂಸ್ಥಾನದ ಹೆದ್ದಾರಿಗಳ ಬದಿಗೆ ಸಾಲುಮರ ಹಾಕಿಸುವುದೂ ಸರ್ಕಾರದ ಕೆಲಸವಾಗಿತ್ತು. ಹಿರಿಯೂರಿನಿಂದ ದುರ್ಗಕ್ಕೆ ಹೋಗುವ ಬಸ್ಸಿನ ಕಿಟಕಿಯಲ್ಲಿ ನಾನು ಚಿಕ್ಕಂದಿನಲ್ಲಿ ಕಂಡದ್ದು ಹುಣಸೆ, ಆಲ, ಬೇವುಗಳ ಚಪ್ಪರವನ್ನೇ. 2000ದ ನಂತರ ರಸ್ತೆ ಅಗಲವಾಯಿತು, ಚಪ್ಪರ ಹೋಯಿತು. ಅಗಲ ರಸ್ತೆ ಬೇಡವೆಂದು ನಾನೂ ಹೇಳಲಾರೆ. ಅಮ್ಮನಿಗೆ ಎದೆನೋವು ಬಂದ ರಾತ್ರಿ ಆ ರಸ್ತೆಯಿಂದಲೇ ಬೇಗ ತಲುಪಿದೆವು. ಮರ ಉರುಳಿಸಿದ ದಿನಗಳಲ್ಲಿ ಮಾತ್ರ ನನ್ನ ತಂಗಿ ರಸ್ತೆಯಲ್ಲಿ ಬಿದ್ದಿದ್ದ ಮೂರು ಮರಿಗಳನ್ನು ಸೆರಗಿನಲ್ಲಿ ತಂದು ಹತ್ತಿಯ ಬತ್ತಿಯಿಂದ ಹಾಲು ಹಿಂಡಿದಳು. ಎರಡು ಅದೇ ರಾತ್ರಿ ಸತ್ತವು. ಮೂರನೆಯದು ನಾಲ್ಕು ದಿನ ಇತ್ತು.

2022ರಲ್ಲಿ, 1933ರ ನಂತರ ಮೊದಲ ಸಲ, ವಾಣಿವಿಲಾಸ ಸಾಗರ ಕೋಡಿ ಬಿದ್ದಾಗ ಊರಿಗೆ ಊರೇ ನೋಡಲು ಹೋಯಿತು. ಅತ್ತೆ ಅಷ್ಟರಲ್ಲಿ ಇರಲಿಲ್ಲ. ದಾಳಿಂಬೆಯ ಜಗಳಕ್ಕೆ ಅವರೇ ಒಂದು ದಾರಿ ಕಂಡುಕೊಂಡಿದ್ದರು. ಹಳೆಯ ಸೀರೆಗಳನ್ನು ಹರಿದು, ನಮ್ಮಿಬ್ಬರನ್ನೂ ಕೂರಿಸಿಕೊಂಡು, ಹಣ್ಣಿಗೊಂದು ಚೀಲ ಹೊಲಿದು ಕಟ್ಟಿಸಿದ್ದರು. ಮೈದುನ ನಕ್ಕ. ಆದರೂ ಮುಂದಿನ ವರ್ಷ ತಾನೇ ಬಲೆ ತಂದು ಗಿಡಗಳ ಮೇಲೆ ಹೊದಿಸಿದ. ಅಟ್ಟದ ಪೊಟ್ಟಣವನ್ನು ನಾನು ಗುಂಡಿ ತೋಡಿ ಹೂತೆ.

ಆ ಆಷಾಢದ ಗಾಳಿಗೆ ಹಿತ್ತಿಲ ತೆಂಗಿನಿಂದ ಒಂದು ಖಾಲಿ ಗೂಡು ಬಿತ್ತು. ಬಿಡಿಸಿ ನೋಡಿದೆ: ತೆಂಗಿನ ನಾರು, ಒಣಹುಲ್ಲು, ನಮ್ಮ ತಲೆಗೂದಲು, ಅತ್ತೆಯ ಹೂಬತ್ತಿಗಳು, ಮತ್ತೆ ನನ್ನ ನೀಲಿ ಸೀರೆಯ ಒಂದು ಅಂಚು.