ಸಾಕು ಹಕ್ಕಿಗಳ ಉಗುರು ಕತ್ತರಿಸುವ ಸುರಕ್ಷಿತ ವಿಧಾನ: ಸಾರ್ವಜನಿಕರಿಗೆ ಮಾಹಿತಿ

ಮನೆಗಳಲ್ಲಿ ಸಾಕಲಾಗುವ ಬಡ್ಜರಿಗಾರ್ (ಅಂಗಡಿಗಳಲ್ಲಿ ಇದನ್ನು ‘ಲವ್ ಬರ್ಡ್ಸ್’ ಎಂದೇ ಮಾರುವುದುಂಟು), ಕಾಕಟೀಲ್ ಮುಂತಾದ ಹಕ್ಕಿಗಳ ಉಗುರು ನಿರಂತರವಾಗಿ ಬೆಳೆಯುತ್ತದೆ. ಉಗುರಿನ ಒಳಗೆ ರಕ್ತನಾಳ ಹಾಗೂ ನರವಿದ್ದು, ತುದಿಯ ಭಾಗ ಮಾತ್ರ ನಿರ್ಜೀವವಾಗಿರುತ್ತದೆ. ಹಕ್ಕಿಯ ದೇಹದಲ್ಲಿರುವ ರಕ್ತವು ಅದರ ತೂಕದ ಸುಮಾರು ಶೇ. 10ರಷ್ಟು, ಅಂದರೆ 35 ಗ್ರಾಂ ತೂಕದ ಬಡ್ಜರಿಗಾರ್‌ನಲ್ಲಿ ಸುಮಾರು 3.5 ಮಿ.ಲೀ. ಮಾತ್ರ. ಆದ್ದರಿಂದ ಕೆಲವೇ ಹನಿ ರಕ್ತಸ್ರಾವವನ್ನೂ ಅಲಕ್ಷಿಸತಕ್ಕದ್ದಲ್ಲ.

ಯಾವಾಗ ಅವಶ್ಯಕ?
ಉಗುರು ಪಂಜರದ ತಂತಿಗೆ ಅಥವಾ ಬಟ್ಟೆಗೆ ಸಿಕ್ಕಿಕೊಳ್ಳುತ್ತಿದ್ದಲ್ಲಿ, ಸುರುಳಿಯಾಗಿ ಬಾಗಿದ್ದಲ್ಲಿ, ಅಥವಾ ಹಕ್ಕಿಯು ಕೋಲಿನ ಮೇಲೆ ಸರಿಯಾಗಿ ಕೂರಲಾಗದಿದ್ದಲ್ಲಿ ಮಾತ್ರ ಕತ್ತರಿಸಬೇಕು. ಉಗುರಿನೊಂದಿಗೆ ಕೊಕ್ಕೂ ಅತಿಯಾಗಿ ಬೆಳೆದಿದ್ದರೆ ಅದು ಯಕೃತ್ತಿನ ಕಾಯಿಲೆಯ ಲಕ್ಷಣವಾಗಿರಬಹುದು; ಕಾಲು ಹಾಗೂ ಕೊಕ್ಕಿನ ಬುಡದಲ್ಲಿ ಬಿಳಿ ಹೊರಪು ಕಂಡಲ್ಲಿ ನುಸಿರೋಗವಿರಬಹುದು. ಇಂತಹ ಸಂದರ್ಭಗಳಲ್ಲಿ ಮೊದಲು ಪಶುವೈದ್ಯರ ತಪಾಸಣೆ ಅಗತ್ಯ.

ಬೇಕಾಗುವ ಸಾಮಗ್ರಿಗಳು
ಹರಿತವಾದ ಚಿಕ್ಕ ನೇಲ್ ಕಟರ್, ಉಗುರು ಉಜ್ಜುವ ಅರ, ತೆಳು ಹತ್ತಿ ಬಟ್ಟೆ, ಟಾರ್ಚ್ ಹಾಗೂ ಕಾರ್ನ್‌ಫ್ಲೋರ್. ಇವೆಲ್ಲವನ್ನೂ ಹಕ್ಕಿಯನ್ನು ಹಿಡಿಯುವ ಮುನ್ನವೇ ಕೈಗೆಟಕುವಂತೆ ಇಟ್ಟುಕೊಳ್ಳಬೇಕು.

ಅನುಸರಿಸಬೇಕಾದ ಕ್ರಮ
1. ಕಿಟಕಿ, ಬಾಗಿಲು ಮುಚ್ಚಿ, ಫ್ಯಾನ್ ನಿಲ್ಲಿಸಬೇಕು. ಇಬ್ಬರಿದ್ದರೆ ಅನುಕೂಲ: ಒಬ್ಬರು ಹಿಡಿಯಲು, ಮತ್ತೊಬ್ಬರು ಕತ್ತರಿಸಲು.
2. ಬಟ್ಟೆಯಿಂದ ಹಕ್ಕಿಯನ್ನು ಮೃದುವಾಗಿ ಹಿಡಿದು, ಬೆನ್ನು ಅಂಗೈಗೆ ಒರಗುವಂತೆ ಮಾಡಿ, ತಲೆಯ ಎರಡು ಪಕ್ಕಗಳಲ್ಲಿ ಬೆರಳುಗಳಿಂದ ಆಧಾರ ನೀಡಬೇಕು.
3. ಎದೆಯನ್ನು ಎಂದಿಗೂ ಒತ್ತಬಾರದು. ಹಕ್ಕಿಗಳಿಗೆ ವಪೆ ಇರುವುದಿಲ್ಲ. ಎದೆಗೂಡು ಹಿಂದೆ ಮುಂದೆ ಚಲಿಸಿದರಷ್ಟೇ ಉಸಿರಾಟ ಸಾಧ್ಯ. ಬಿಗಿಯಾಗಿ ಹಿಡಿದರೆ ಉಸಿರುಗಟ್ಟುತ್ತದೆ.
4. ತಿಳಿಬಣ್ಣದ ಉಗುರಿನ ಹಿಂದೆ ಟಾರ್ಚ್ ಹಿಡಿದರೆ ರಕ್ತನಾಳವು ಗುಲಾಬಿ ಗೆರೆಯಾಗಿ ಕಾಣುತ್ತದೆ. ಅದಕ್ಕಿಂತ ಸಾಕಷ್ಟು ಮುಂದೆ, ತುದಿಯನ್ನು ಮಾತ್ರ ಕತ್ತರಿಸಬೇಕು.
5. ಕಪ್ಪು ಉಗುರಿನಲ್ಲಿ ರಕ್ತನಾಳ ಕಾಣದ ಕಾರಣ ಕತ್ತರಿಸುವುದಕ್ಕಿಂತ ಅರದಿಂದ ಸ್ವಲ್ಪ ಸ್ವಲ್ಪವೇ ಉಜ್ಜುವುದು ಲೇಸು.
6. ಹಕ್ಕಿಯು ಬಾಯಿ ತೆರೆದು ಏದುಸಿರು ಬಿಟ್ಟರೆ ತಕ್ಷಣ ಪಂಜರಕ್ಕೆ ಬಿಡಬೇಕು. ಉಳಿದ ಉಗುರುಗಳನ್ನು ಇನ್ನೊಂದು ದಿನ ಕತ್ತರಿಸಬಹುದು.

ರಕ್ತ ಬಂದಲ್ಲಿ
ಉಗುರಿನ ತುದಿಗೆ ಕಾರ್ನ್‌ಫ್ಲೋರ್ ಹಚ್ಚಿ, ಒಂದೆರಡು ನಿಮಿಷ ಬೆರಳಿನಿಂದ ಒತ್ತಿ ಹಿಡಿಯಬೇಕು. ಪದೇ ಪದೇ ಒರೆಸಬಾರದು. ರಕ್ತ ನಿಂತ ನಂತರ ಹಕ್ಕಿಯನ್ನು ನಿಶ್ಶಬ್ದ ಸ್ಥಳದಲ್ಲಿರಿಸಿ ಅರ್ಧ ಗಂಟೆ ಗಮನಿಸಬೇಕು. ಐದು ನಿಮಿಷಗಳಲ್ಲಿ ನಿಲ್ಲದಿದ್ದರೆ ಅಥವಾ ಹಕ್ಕಿಯು ಮಂಕಾದರೆ, ವಿಳಂಬ ಮಾಡದೆ ಹತ್ತಿರದ ಪಶು ಆಸ್ಪತ್ರೆಗೆ ಕರೆದೊಯ್ಯುವುದು.

ಮುಂಜಾಗ್ರತೆ
ಒಂದೇ ದಪ್ಪದ ನುಣುಪಾದ ಪ್ಲಾಸ್ಟಿಕ್ ಕೋಲುಗಳ ಬದಲು ಸೀಬೆ ಮರದ ಒರಟು ತೊಗಟೆಯ, ಬೇರೆ ಬೇರೆ ದಪ್ಪದ ಕೊಂಬೆಗಳನ್ನು ತೊಳೆದು, ಒಣಗಿಸಿ ಪಂಜರದಲ್ಲಿಟ್ಟರೆ ಉಗುರು ಸಹಜವಾಗಿ ಸವೆಯುತ್ತದೆ. ಮರಳು ಕಾಗದ ಸುತ್ತಿದ ಕೋಲುಗಳಿಂದ ಅಂಗಾಲಿಗೆ ಗಾಯವಾಗುವುದರಿಂದ ಅವುಗಳನ್ನು ಬಳಸಬಾರದು.

ವಿಶೇಷ ಸೂಚನೆ: ನಮ್ಮ ನಾಡಿನ ಗಿಳಿಗಳು ವನ್ಯಜೀವಿ (ಸಂರಕ್ಷಣೆ) ಅಧಿನಿಯಮ, 1972ರ ಅಡಿ ಸಂರಕ್ಷಿತವಾಗಿದ್ದು, ಅವುಗಳನ್ನು ಹಿಡಿಯುವುದು, ಮಾರುವುದು ಹಾಗೂ ಮನೆಯಲ್ಲಿ ಸಾಕುವುದು ಕಾನೂನುಬಾಹಿರ. ಗಾಯಗೊಂಡ ಗಿಳಿ ಸಿಕ್ಕಲ್ಲಿ ಅರಣ್ಯ ಇಲಾಖೆಗೆ ತಿಳಿಸುವುದು.