ಪೆರ್ಗಡೆ, ಹೆಗ್ಗಡೆ, ಹೆಗ್ಡೆ

ಬೆಳ್ತಂಗಡಿ ತಾಲೂಕಿನ ಲಾಯಿಲದ ಕಡೆ ತುಳು ಮಾತಾಡುವ ಹಿರಿಯರ ಬಾಯಲ್ಲಿ ‘ಪೆರ್ಗಡೆ’ ಎಂಬ ಪದ ಇನ್ನೂ ಬದುಕಿದೆ. ಮಕ್ಕಳ ಶಾಲೆಯ ಹಾಜರಿ ಪುಸ್ತಕಕ್ಕೆ ಬಂದರೆ ಅದು ‘ಹೆಗ್ಡೆ’. ಅದೇ ತಾಲೂಕಿನ ಧರ್ಮಸ್ಥಳದಲ್ಲಿ ‘ಹೆಗ್ಗಡೆ’. ಮೂರೂ ಒಂದೇ ಪದ. ಒಂದು ಗಂಟೆಯ ಬಸ್ ದಾರಿಯೊಳಗೆ ಒಂದು ಪದದ ಮೂರು ಕಾಲಗಳು ಹೀಗೆ ಅಕ್ಕಪಕ್ಕದಲ್ಲಿ ಸಿಗುವುದು ಅಪರೂಪ. ಊರಿನ ಅಧಿಕಾರ ಯಾರ ಕೈಯಲ್ಲಿತ್ತು, ಯಾವಾಗ ಕೈ ಬದಲಾಯಿತು ಎಂದು ತಿಳಿಯಬೇಕೆನ್ನುವವರು ಈ ಪದದ ಬೆನ್ನು ಹತ್ತಿ ಹೋಗಬಹುದು. ನನಗಂತೂ ಬೇರೆ ಯಾವ ಪದವೂ ಇಷ್ಟು ದೂರ ದಾರಿ ತೋರಿಸಿಲ್ಲ.

ಪದದ ಮೊದಲ ತುಂಡು ‘ಪೆರ್’, ಅಂದರೆ ಹಿರಿದು. ಹೆಬ್ಬಾಗಿಲು, ಹೆಮ್ಮರ, ಹೆಬ್ಬಂಡೆಗಳಲ್ಲಿ ಇರುವುದು ಅದೇ. ಮಂಗಳೂರಿನಿಂದ ಬಂದು, ಲಾಯಿಲವನ್ನು ಹಾದು ಉಜಿರೆ, ಚಾರ್ಮಾಡಿಯತ್ತ ಏರುವ 73ನೇ ರಾಷ್ಟ್ರೀಯ ಹೆದ್ದಾರಿಯ ‘ಹೆದ್ದಾರಿ’ಯಲ್ಲಿರುವುದೂ ಅದೇ. ಹಳಗನ್ನಡದ ಪದಗಳ ಮೊದಲಿನ ಪಕಾರ ಸುಮಾರು ಹತ್ತನೇ ಶತಮಾನದಿಂದ ಹಕಾರಕ್ಕೆ ತಿರುಗತೊಡಗಿತು. ನಾಲ್ಕು ಶತಮಾನ ಕಳೆಯುವಷ್ಟರಲ್ಲಿ ಕನ್ನಡದ ತುಂಬ ಹಕಾರವೇ ನಿಂತಿತು. ಪೆರ್ಮೆ ಹೆಮ್ಮೆಯಾಯಿತು, ಪೆರ್ಗಡೆ ಹೆಗ್ಗಡೆಯಾಯಿತು. ತುಳು ಮಾತ್ರ ಈ ದಾರಿಗೆ ಬರಲಿಲ್ಲ. ಕನ್ನಡದ ಹತ್ತು ಅದಕ್ಕೆ ಪತ್ತ್, ಹುಲಿ ಪಿಲಿ, ಹೂ ಪೂ. ಹಾಗಾಗಿ ಕಲ್ಯಾಣದ ಚಾಲುಕ್ಯರ ಶಾಸನಗಳಲ್ಲಿ ಕೊರೆದ ರೂಪ ಬೆಳ್ತಂಗಡಿ ಸೀಮೆಯ ಬೀಡುಗಳ ಹೆಸರಿನಲ್ಲಿ, ದೈವದ ನುಡಿಯಲ್ಲಿ ಉಳಿದುಕೊಂಡಿತು.

ಆ ಶಾಸನಗಳಲ್ಲಿ ಪೆರ್ಗಡೆ ಒಂಟಿಯಾಗಿ ಬರುವುದು ಕಡಿಮೆ. ಅರಮನೆಯ ಒಳಾಡಳಿತ ನೋಡುವವನು ಮನೆವೆರ್ಗಡೆ. ಸುಂಕ ಎತ್ತುವವನು ಸುಂಕವೆರ್ಗಡೆ. ಹೊಯ್ಸಳರ ಕಾಲಕ್ಕೆ ಬಂದರೆ ಲೆಕ್ಕಪತ್ರದ ಇಲಾಖೆಗೆ ಶ್ರೀಕರಣದ ಹೆಗ್ಗಡೆ. ಇಂಥ ಕೆಲಸದ ಪೆರ್ಗಡೆ ಎಂದು ಹೇಳದೆ ಪದಕ್ಕೆ ನೆಲೆಯೇ ಇರಲಿಲ್ಲ. ದೊಡ್ಡವನು ನಿಜ, ಆದರೆ ತನ್ನ ಮೇಲಿನವರಿಗೆ ಲೆಕ್ಕ ಒಪ್ಪಿಸಬೇಕಾದ ದೊಡ್ಡವನು. ಇದೇ ಪದ ತೆಲುಗಿಗೆ ಹೋಗಿ ‘ಪ್ರೆಗ್ಗಡ’ ಆಯಿತು, ಅಲ್ಲೂ ಮಂತ್ರಿ ಎಂಬ ಅರ್ಥದಲ್ಲೇ. ಹದಿನಾಲ್ಕನೇ ಶತಮಾನದಲ್ಲಿ ತೆಲುಗು ಮಹಾಭಾರತವನ್ನು ಪೂರ್ತಿ ಮಾಡಿದ ಕವಿ ಎರ್ರಾಪ್ರಗಡನ ಹೆಸರಿನ ಬಾಲದಲ್ಲಿರುವುದು ನಮ್ಮ ಪೆರ್ಗಡೆಯೇ.

ತುಳುನಾಡಿನಲ್ಲಿ ಈ ಪದ ಇಳಿದದ್ದು ಬೇರೆ ನೆಲಕ್ಕೆ. ಇಲ್ಲಿ ದೊಡ್ಡ ರಾಜಧಾನಿ ಹತ್ತಿರವಿರಲಿಲ್ಲ. ಆಳುಪರು, ಆಮೇಲೆ ವಿಜಯನಗರದವರು ಬಾರಕೂರು, ಮಂಗಳೂರುಗಳಲ್ಲಿ ಕೂತು ಆಳಿದರು. ಒಳನಾಡಿನಲ್ಲಿ ಬಂಗಾಡಿಯ ಬಂಗರು, ವೇಣೂರಿನ ಅಜಿಲರು, ಮೂಡುಬಿದಿರೆ ಸೀಮೆಯ ಚೌಟರು. ಅವರ ಕೆಳಗೆ ಊರುಗಳ ಗುಂಪಾದ ಮಾಗಣೆಗಳು, ಮಾಗಣೆಯೊಳಗೆ ಬೀಡು, ಗುತ್ತು ಎಂಬ ಅಧಿಕಾರದ ಮನೆಗಳು. ಈ ಕಾಲದ ಕರಾವಳಿ ಶಾಸನಗಳಲ್ಲಿ ‘ಹಲರು’ ಎಂಬ ಇನ್ನೊಂದು ಮಾತು ಮತ್ತೆ ಮತ್ತೆ ಬರುತ್ತದೆ. ಊರಿನ ಹಲವರು ಕೂಡಿ ಮಾಡಿದ ತೀರ್ಮಾನ, ಹಲರು ಸಾಕ್ಷಿ ನಿಂತ ದಾನ. ಆ ಹಲರಲ್ಲಿ ಎಲ್ಲರೂ ಸೇರಿರಲಿಲ್ಲ. ಉಳುವವನು, ಕಳ್ಳು ಇಳಿಸುವವನು, ಡೋಲು ಬಾರಿಸುವವನು ಆ ಪಟ್ಟಿಯ ಹೊರಗೇ ಇದ್ದರು. ಆದರೂ ಹಲರು ಎಂಬ ಪದ ಇತ್ತು ಎನ್ನುವುದು ನನಗೆ ಮುಖ್ಯ. ಒಬ್ಬ ಪೆರ್ಗಡೆ ಒಬ್ಬನೇ ಕೂತು ಊರನ್ನು ನಡೆಸಲಿಲ್ಲ.

ಧರ್ಮಸ್ಥಳದ ಐತಿಹ್ಯ ಶುರುವಾಗುವುದೂ ಒಬ್ಬ ಪೆರ್ಗಡೆಯಿಂದ. ಕುಡುಮದ ನೆಲ್ಯಾಡಿ ಬೀಡಿನಲ್ಲಿ ಬಿರ್ಮಣ್ಣ ಪೆರ್ಗಡೆ, ಅಮ್ಮು ಬಲ್ಲಾಳ್ತಿ ಎಂಬ ಜೈನ ದಂಪತಿ. ಅವರ ಮನೆಗೆ ಅತಿಥಿಗಳ ರೂಪದಲ್ಲಿ ಧರ್ಮದೈವಗಳು ಬಂದದ್ದು. ದೈವಗಳಿಗೆ ಮನೆ ಬಿಟ್ಟುಕೊಟ್ಟು ದಂಪತಿ ಬೇರೆ ಮನೆ ಕಟ್ಟಿಕೊಂಡದ್ದು. ಅದೇ ಪರಂಪರೆಯಲ್ಲಿ ಹದಿನಾರನೇ ಶತಮಾನಕ್ಕೆ ಬಂದರೆ, ವಾದಿರಾಜ ಸ್ವಾಮಿಗಳನ್ನು ಆಹ್ವಾನಿಸಿದವರು ದೇವರಾಜ ಹೆಗ್ಗಡೆ. ಮೊದಲಿನವರಿಗೆ ಪಕಾರ, ನಂತರದವರಿಗೆ ಹಕಾರ. ಒಂದೇ ವಂಶದ ನೆನಪಿನೊಳಗೆ ತುಳು ಕನ್ನಡದ ಕೈಗೆ ಪದವನ್ನು ಕೊಟ್ಟದ್ದು ಕಾಣುತ್ತದೆ.

ಧರ್ಮಸ್ಥಳದಲ್ಲಿ ಇನ್ನೊಂದು ಸಂಗತಿ ಗಮನಿಸಬೇಕು. ಅಲ್ಲಿ ಹೆಗ್ಗಡೆ ಎನ್ನುವುದು ಇವತ್ತಿಗೂ ಪಟ್ಟ. 1968ರ ಅಕ್ಟೋಬರ್‌ನಲ್ಲಿ, ಇಪ್ಪತ್ತು ತುಂಬುವ ಮುನ್ನವೇ ಪಟ್ಟವೇರಿದ ವೀರೇಂದ್ರ ಹೆಗ್ಗಡೆಯವರು ಇಪ್ಪತ್ತೊಂದನೆಯವರು. ಅವರ ಸಹೋದರರ ಹೆಸರಿನಲ್ಲಿ ‘ಹೆಗ್ಗಡೆ’ ಇಲ್ಲ. ರಕ್ತ ಒಂದೇ ಆದರೂ ಪದ ಬರುವುದು ಪೀಠಕ್ಕೆ ಕೂತವರಿಗೆ ಮಾತ್ರ. ಜನ ತಮ್ಮ ಜಮೀನಿನ, ಸಾಲದ, ಪಾಲಿನ ತಕರಾರುಗಳನ್ನು ಅಲ್ಲಿಗೆ ಒಯ್ಯುವುದಕ್ಕೆ ‘ಹೊಯ್ಲು’ ಎಂಬ ಹೆಸರಿದೆ. ಕೋರ್ಟಿನ ಡಿಕ್ರಿಯ ಬಲ ಅದಕ್ಕಿಲ್ಲ. ದೇವರ ಮುಂದೆ ಆಡಿದ ಮಾತನ್ನು ಮೀರಬಾರದೆಂಬ ಭಯಭಕ್ತಿಯೇ ಅದರ ಬಲ. ಉಳಿದ ಕಡೆ ಸವೆದುಹೋದ ಪದದ ಹಳೆಯ ಅರ್ಥ ಇಲ್ಲಿ ಹೀಗೆ ಉಳಿದಿದೆ.

ಬೀಡು, ಗುತ್ತುಗಳ ಪೆರ್ಗಡೆಗೂ ಹುಟ್ಟಿದ ಮಾತ್ರಕ್ಕೆ ಪದ ಸಿಗುತ್ತಿರಲಿಲ್ಲ. ‘ಗಡಿ’ ಹಿಡಿಯಬೇಕಿತ್ತು, ಅಂದರೆ ಪಟ್ಟ ಏರಬೇಕಿತ್ತು. ಅಳಿಯಸಂತಾನದ ಕಟ್ಟಿನಂತೆ ಸೋದರಮಾವನ ಸ್ಥಾನ ಸೋದರಿಯ ಮಗನಿಗೆ. ಗಡಿ ಹಿಡಿದ ದಿನ ಹೆಸರು ಬದಲಾಗಿ ಪೆರ್ಗಡೆ, ಬಲ್ಲಾಳ, ಆಳ್ವ, ಚೌಟ ಎಂಬ ಸ್ಥಾನನಾಮ ಬರುತ್ತಿತ್ತು. ಇದರ ಅರ್ಥ ಪೂರ್ತಿ ತಿಳಿಯುವುದು ದೈವಾರಾಧನೆಯ ನೇಮದ ರಾತ್ರಿಯಲ್ಲಿ. ಗಗ್ಗರ ಕಟ್ಟಿ, ಅಣಿ ಏರಿಸಿದ ಮೇಲೆ, ಒಂದು ಕೈಯಲ್ಲಿ ಕಡ್ಸಲೆಯೆಂಬ ಕತ್ತಿ, ಇನ್ನೊಂದರಲ್ಲಿ ಮಣಿ ಹಿಡಿದ ದೈವ ಚಪ್ಪರದ ಕೆಳಗೆ ನಿಂತು ಒಬ್ಬೊಬ್ಬರನ್ನೇ ಕರೆಯುತ್ತದೆ. ಮೊದಲು ಬೀಡಿನವರು, ಆಮೇಲೆ ಗುತ್ತಿನವರು, ಆಮೇಲೆ ಊರಿನ ಹತ್ತು ಸಮಸ್ತರು. ಹೆಸರಿನಿಂದ ಕರೆಯುವುದಿಲ್ಲ, ಸ್ಥಾನದಿಂದ ಕರೆಯುತ್ತದೆ. ವೀಳ್ಯ ಕೊಡುವುದೂ ಅದೇ ಕ್ರಮದಲ್ಲಿ. ಅದಕ್ಕೆ ಬೂಳ್ಯ ಎನ್ನುತ್ತಾರೆ. ಕ್ರಮ ಒಂದಿಷ್ಟು ತಪ್ಪಿದರೆ ಗುತ್ತು ಗುತ್ತುಗಳ ನಡುವೆ ವರ್ಷಗಟ್ಟಲೆ ಮಾತು ನಿಂತದ್ದುಂಟು. ಊರಿನ ಅಧಿಕಾರದ ನಕ್ಷೆಯನ್ನು ಯಾರೂ ಕಾಗದದ ಮೇಲೆ ಬರೆದಿಡಲಿಲ್ಲ. ಬೂಳ್ಯದ ಸರದಿಯಲ್ಲಿ ಅದು ವರ್ಷಕ್ಕೊಮ್ಮೆ ಎಲ್ಲರ ಕಣ್ಣೆದುರು ಬಿಚ್ಚಿಕೊಳ್ಳುತ್ತಿತ್ತು.

ಆದರೆ ಆ ಹೊತ್ತಿನಲ್ಲಿ ಎದುರು ನಿಂತು ಕೇಳುವವನು ಯಾರು? ದೈವದ ಬಣ್ಣ ಹಚ್ಚಿದವನು ಪಂಬದ, ಪರವ ಅಥವಾ ನಲಿಕೆ ಸಮುದಾಯದವನು. ಹಗಲಿನಲ್ಲಿ ಬೀಡಿನ ಜಗಲಿ ಏರಲು ಅವನಿಗೆ ಅಪ್ಪಣೆ ಇರಲಿಲ್ಲ. ರಾತ್ರಿ ಅವನ ಮೈಮೇಲೆ ದೈವ ಬಂದಾಗ ಪೆರ್ಗಡೆ ಕೈಮುಗಿದು, ತಲೆ ತಗ್ಗಿಸಿ ನಿಲ್ಲಬೇಕು. ಊರಿನ ನ್ಯಾಯ ಸರಿಯಾಗಿ ನಡೆದಿದೆಯೇ, ಬಡವನ ಪಾಲು ಅವನಿಗೆ ಸೇರಿದೆಯೇ ಎಂದು ಕೇಳಿದರೆ ಉತ್ತರ ಹೇಳಬೇಕು. ಮರುದಿನ ಬೆಳಗಾದರೆ ಜಗಲಿಯ ನಿಯಮ ಮತ್ತೆ ಹಳೆಯದೇ. ಇದನ್ನು ಸಮತೋಲ ಎಂದು ಕರೆಯಲು ನನ್ನ ಮನಸ್ಸು ಒಪ್ಪುವುದಿಲ್ಲ. ಒಂದು ರಾತ್ರಿ ಕೊಟ್ಟ ಗೌರವವನ್ನು ಉಳಿದ ದಿನಗಳಿಗೆ ಕೊಡಲಾರದ ವ್ಯವಸ್ಥೆ ಅದು. ಆದರೂ ಅಧಿಕಾರದಲ್ಲಿರುವವನು ಎಲ್ಲರ ಎದುರು ಪ್ರಶ್ನೆಗೆ ನಿಲ್ಲಬೇಕು ಎಂಬ ತಿಳಿವಳಿಕೆ ಈ ನೆಲದಲ್ಲಿ ಹೊರಗಿನಿಂದ ಬಂದದ್ದಲ್ಲ ಎನ್ನುವುದಕ್ಕೆ ನೇಮದ ಕಳ ಸಾಕ್ಷಿ.

1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಈ ಸೀಮೆ ಕಂಪನಿಯ ಕೈಸೇರಿತು. ಥಾಮಸ್ ಮನ್ರೋ ಕೆನರಾದ ಮೊದಲ ಕಲೆಕ್ಟರ್. ಲಾಯಿಲದ ಆಚೆ ಎದ್ದು ನಿಂತ ಗಡಾಯಿಕಲ್ಲಿನ ಮೇಲೆ, ಟಿಪ್ಪು ಕಟ್ಟಿಸಿದ ಜಮಲಾಬಾದ್ ಕೋಟೆಯಲ್ಲಿ ಬಾವುಟ ಬದಲಾಯಿತು. ಕೆಳಗೆ ಊರಿನಲ್ಲಿ ಬದಲಾದದ್ದು ಕಾಗದ. ಗದ್ದೆಗಳೆಲ್ಲ ‘ವರ್ಗ’ಗಳಾಗಿ ದಾಖಲಾದವು, ತೀರ್ವೆ ಕಟ್ಟುವವನು ‘ವರ್ಗದಾರ’ನಾದ. ಗ್ರಾಮಕ್ಕೊಬ್ಬ ಪಟೇಲ, ಲೆಕ್ಕಕ್ಕೆ ಶ್ಯಾನುಭೋಗ, ಕರೆಯಲು ಉಗ್ರಾಣಿ. ಬಹಳ ಕಡೆ ಹಳೆಯ ಗುತ್ತಿನವರೇ ಪಟೇಲರಾದರು. ಆದರೆ ಅಧಿಕಾರದ ಬುಡ ಬೇರೆಯಾಗಿತ್ತು: ಈಗ ಅದನ್ನು ಕೊಡುವವನು, ಕಿತ್ತುಕೊಳ್ಳುವವನು ಕಲೆಕ್ಟರ್. ಕೆಲಸ ಪಟೇಲ ಎಂಬ ಪದಕ್ಕೆ ಹೋದ ಮೇಲೆ ಪೆರ್ಗಡೆಗೆ ಮರ್ಯಾದೆಯೊಂದೇ ಉಳಿಯಿತು. ಸ್ಥಾನದ ಹೆಸರು ನಿಧಾನವಾಗಿ ಮನೆತನದ ಹೆಸರಾಯಿತು. ಕರಾವಳಿಯಲ್ಲಿ ಜೈನರಲ್ಲಿ, ಬಂಟರಲ್ಲಿ, ಉತ್ತರ ಕನ್ನಡದ ಹವ್ಯಕರಲ್ಲಿ ಹೆಗ್ಗಡೆ, ಹೆಗ್ಡೆ, ಹೆಗಡೆ ಎಂದು ಹರಡಿತು. ಕೊಡಗಿನಲ್ಲಂತೂ ಒಂದು ಸಮುದಾಯದ ಹೆಸರೇ ಹೆಗ್ಗಡೆ. ಒಂದೇ ಹುದ್ದೆ ಇಷ್ಟು ಜಾತಿಗಳಲ್ಲಿ ಅಡ್ಡಹೆಸರಾಗಿ ಉಳಿದಿದೆಯೆಂದರೆ, ಆ ಹುದ್ದೆ ಮೂಲದಲ್ಲಿ ಯಾವ ಒಂದು ಜಾತಿಯ ಸ್ವತ್ತೂ ಆಗಿರಲಿಲ್ಲ.

1956ರ ನವೆಂಬರ್ 1ರಂದು ದಕ್ಷಿಣ ಕನ್ನಡ ಮದ್ರಾಸಿನಿಂದ ಮೈಸೂರು ರಾಜ್ಯಕ್ಕೆ ಬಂತು. 1961ರ ಕಾನೂನು ವಂಶಪಾರಂಪರ್ಯದ ಗ್ರಾಮಾಧಿಕಾರಗಳನ್ನು ರದ್ದು ಮಾಡಿತು. 1963ರಲ್ಲಿ ಅದು ಜಾರಿಯಾಗಿ ಪಟೇಲಿಕೆ ಮುಗಿಯಿತು. ಗುತ್ತಿನ ಮನೆಯ ಚಾವಡಿಯಿಂದ ‘ಚಾವಡಿ’ ಎಂಬ ಪದ ಎದ್ದು ಗ್ರಾಮಲೆಕ್ಕಿಗರ ಕಚೇರಿಯ ಬೋರ್ಡಿನ ಮೇಲೆ ‘ಗ್ರಾಮ ಚಾವಡಿ’ ಎಂದು ಕೂತಿತು.

ನಿಜವಾದ ಏಟು ಬಿದ್ದದ್ದು 1974ರ ಮಾರ್ಚ್ 1ರಿಂದ. ದೇವರಾಜ ಅರಸರ ಸರಕಾರದ ಭೂಸುಧಾರಣೆ ಜಾರಿಗೆ ಬಂದ ದಿನ ಅದು. ಮೂಲಗೇಣಿ, ಚಾಲಗೇಣಿಗಳ ಮೇಲೆ ನಿಂತಿದ್ದ ಈ ಜಿಲ್ಲೆಯಲ್ಲಿ ‘ಡಿಕ್ಲರೇಶನ್’ ಎಂಬ ಇಂಗ್ಲಿಷ್ ಪದ ಅಕ್ಷರ ಬಾರದವರ ಬಾಯಲ್ಲೂ ತುಳುವಾಯಿತು. ಒಕ್ಕಲು ಏಳನೇ ನಮೂನೆಯ ಅರ್ಜಿ ತುಂಬಿಸಿ, ಹೆಬ್ಬೆಟ್ಟು ಒತ್ತಿ ಕೊಟ್ಟರೆ ‘ಡಿಕ್ಲರೇಶನ್ ಕೊಟ್ಟ’ ಎನ್ನುತ್ತಿದ್ದರು. ಮೊದಲ ವರ್ಷಗಳಲ್ಲಿ ಭೂನ್ಯಾಯ ಮಂಡಳಿಯ ಎದುರು ವಕೀಲರಿಗೆ ಪ್ರವೇಶವಿರಲಿಲ್ಲ. ಹಾಗಾಗಿ ಮಾತು ನೇರವಾಗಿ ಒಕ್ಕಲಿನದು. ವರ್ಷವರ್ಷವೂ ಗೇಣಿಯ ಅಕ್ಕಿಮುಡಿ ಹೊತ್ತು ಧಣಿಗಳ ಅಂಗಳದಲ್ಲಿ ಇಳಿಸಿದವನು, ಅವರ ಎದುರು ಗಟ್ಟಿಯಾಗಿ ಮಾತಾಡಿಯೇ ಗೊತ್ತಿಲ್ಲದವನು, ಸರಕಾರದ ಮೇಜಿನ ಮುಂದೆ ಧಣಿ ಪಕ್ಕದಲ್ಲೇ ನಿಂತಿರುವಾಗ ‘ಈ ಗದ್ದೆ ಉಳುವುದು ನಾನು’ ಎಂದು ಹೇಳಬೇಕಾಯಿತು. ನೆರೆಯವರು ಸಾಕ್ಷಿ ನುಡಿಯಬೇಕಾಯಿತು. ಈ ಸೀಮೆಯ ಇತಿಹಾಸದಲ್ಲಿ ಅದಕ್ಕಿಂತ ದೊಡ್ಡ ಮಾತು ಇನ್ನೊಂದಿಲ್ಲ ಎಂದು ನಾನು ನಂಬಿದ್ದೇನೆ. ಕೆಲವರಿಗೆ ಧೈರ್ಯ ಸಾಲಲಿಲ್ಲ. ಧಣಿಗಳ ಅನ್ನ ಉಂಡಿದ್ದೇವೆ ಎಂದು ಅರ್ಜಿಯನ್ನೇ ಕೊಡದವರಿದ್ದರು. ಗೇಣಿಯ ಅಕ್ಕಿಯೊಂದನ್ನೇ ನೆಚ್ಚಿದ್ದ ಸಣ್ಣ ಹಿಡುವಳಿಯ ವಿಧವೆಯರು, ಮುದುಕರು ನಿಜವಾಗಿ ಕಷ್ಟಕ್ಕೆ ಬಿದ್ದರು. ಗೇಣಿಯೇ ಇಲ್ಲದೆ ದುಡಿದ ಮೂಲದಾಳುಗಳ ಕೈಗೆ ಆ ಅರ್ಜಿಯಿಂದ ಗದ್ದೆ ಬರಲಿಲ್ಲ. ಇಷ್ಟೆಲ್ಲ ಇದ್ದರೂ, ಭೂಮಿ ಕೈಬದಲಾದ ಮೇಲೆ ಹೆಗ್ಡೆ ಎಂಬ ಹೆಸರಿನ ಹಿಂದೆ ಅಕ್ಕಿಮುಡಿಯ ಬಲ ಉಳಿಯಲಿಲ್ಲ.

ಮುಂದಿನ ತಿರುವು ಬಂದದ್ದು ಒಬ್ಬ ಹೆಗಡೆಯವರಿಂದಲೇ. ಸಿದ್ದಾಪುರದ ದೊಡ್ಮನೆಯ ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿ, ಅಬ್ದುಲ್ ನಜೀರ್ ಸಾಬ್ ಪಂಚಾಯತಿ ಮಂತ್ರಿ. ಅವರು ತಂದ 1983ರ ಕಾನೂನಿನಂತೆ 1987ರಲ್ಲಿ ಚುನಾವಣೆ ನಡೆದು ಜಿಲ್ಲಾ ಪರಿಷತ್ತು, ಮಂಡಲ ಪಂಚಾಯತಿಗಳು ಬಂದವು. ಸ್ಥಾನಗಳಲ್ಲಿ ನಾಲ್ಕನೇ ಒಂದು ಪಾಲು ಹೆಣ್ಣುಮಕ್ಕಳಿಗೆ. 1993ರ ಪಂಚಾಯತ್ ರಾಜ್ ಕಾನೂನು ಅದನ್ನು ಮೂರನೇ ಒಂದಕ್ಕೆ ಏರಿಸಿತು, 2010ರಲ್ಲಿ ಅದು ಅರ್ಧವಾಯಿತು. ದೊಡ್ಡ ಪದವನ್ನು ಹೆಸರಿನಲ್ಲಿ ಹೊತ್ತವರೊಬ್ಬರು ದೊಡ್ಡತನವನ್ನು ಹಲರಿಗೆ ಹಂಚಲು ಹೊರಟರು. ಈ ಬಾರಿಯ ಹಲರಲ್ಲಿ ಹಿಂದೆ ಪಟ್ಟಿಯ ಹೊರಗಿದ್ದವರಿಗೂ ಮೀಸಲು ಕುರ್ಚಿ ಇತ್ತು.

ಹೆಣ್ಣಿಗೂ ಈ ಪದದಲ್ಲಿ ಒಂದು ರೂಪ ಇತ್ತು: ಹೆಗ್ಗಡಿತಿ. ಕುವೆಂಪು ಅವರ ‘ಕಾನೂರು ಹೆಗ್ಗಡಿತಿ’ ಕಾದಂಬರಿಯ ಹೆಸರಿನಿಂದ ಅದು ಕನ್ನಡಿಗರಿಗೆಲ್ಲ ಗೊತ್ತು. ಆ ಕಾನೂರಿನಲ್ಲಿ ಸುಬ್ಬಮ್ಮನ ಕೈಗೆ ಮನೆಯ ಯಜಮಾನಿಕೆ ಬಂದದ್ದು ಗಂಡ ಚಂದ್ರಯ್ಯಗೌಡ ಸತ್ತ ಮೇಲೆ. ತುಳುನಾಡಿನ ಅಳಿಯಸಂತಾನದಲ್ಲಿ ಹೆಣ್ಣಿನಿಂದಲೇ ವಂಶ, ಹೆಣ್ಣಿನಿಂದಲೇ ಆಸ್ತಿ. ಗಡಿ ಹಿಡಿಯುವವನು ಮಾತ್ರ ಬಹುಮಟ್ಟಿಗೆ ಗಂಡಸು. ಈಗ ಸರದಿ ಬಂದಾಗ ಪಂಚಾಯತಿಯ ಅಧ್ಯಕ್ಷೆಯ ಕುರ್ಚಿಯಲ್ಲಿ ಕೂರುವ ಹೆಣ್ಣುಮಗಳಿಗೆ ಗಂಡನ ಸಾವೂ ಬೇಕಿಲ್ಲ, ಗುತ್ತಿನ ಹುಟ್ಟೂ ಬೇಕಿಲ್ಲ. ಬೆಳ್ತಂಗಡಿ ತಾಲೂಕಿನಲ್ಲಿ ಅಂಥ ಹೆಂಗಸರಿಗೆ ಮಾತಾಡುವ ಅಭ್ಯಾಸ ಕೊಟ್ಟದ್ದು, ನಾನು ತಿಳಿದಂತೆ, ಬಹಳ ಮಟ್ಟಿಗೆ ಸ್ವಸಹಾಯ ಸಂಘಗಳ ವಾರದ ಸಭೆಗಳು. ಧರ್ಮಸ್ಥಳದ ಗ್ರಾಮಾಭಿವೃದ್ಧಿ ಯೋಜನೆ 1982ರಲ್ಲಿ ಶುರುವಾದದ್ದು ಇದೇ ತಾಲೂಕಿನಲ್ಲಿ. ಉಳಿತಾಯದ ಪುಸ್ತಕ ಬರೆಯುತ್ತ, ಸಾಲದ ಕಂತು ಎಣಿಸುತ್ತ, ‘ನೀನು ಕಟ್ಟಿಲ್ಲ’ ಎಂದು ನೆರೆಯವಳಿಗೆ ಮುಖ ನೋಡಿ ಹೇಳುತ್ತ ಕಲಿತ ಲೆಕ್ಕ ಅದು.

ಊರಿನ ದೇವಸ್ಥಾನದ ಬ್ರಹ್ಮಕಲಶದ ಆಮಂತ್ರಣ ಪತ್ರಿಕೆ ತೆರೆದರೆ ಇವತ್ತಿನ ಬೂಳ್ಯದ ಸರದಿ ಕಾಣುತ್ತದೆ. ಗೌರವಾಧ್ಯಕ್ಷರು, ಆನುವಂಶಿಕ ಮೊಕ್ತೇಸರರು, ವ್ಯವಸ್ಥಾಪನಾ ಸಮಿತಿ, ಜೀರ್ಣೋದ್ಧಾರ ಸಮಿತಿ, ಶಾಸಕರು, ಮುಂಬಯಿಯ ಉದ್ಯಮಿಗಳು. ಪಂಚಾಯತಿಯ ಅಧ್ಯಕ್ಷೆಯ ಹೆಸರು ಬಹಳ ಸಲ ಎರಡನೇ ಪುಟದಲ್ಲಿ, ಸಣ್ಣ ಅಕ್ಷರದಲ್ಲಿ. ಅದೇ ಊರಿನ ನೀರಿನ ಪೈಪು, ದಾರಿದೀಪ, ಮನೆಕಟ್ಟುವ ಪರವಾನಗಿಗೆ ರುಜು ಹಾಕುವವರ ಸಾಲಿನಲ್ಲಿ ಅವಳಿದ್ದಾಳೆ. ಕೆಲವು ಕಡೆ ಅವಳ ಪಕ್ಕದ ಕುರ್ಚಿಯಲ್ಲಿ ಗಂಡ ಬಂದು ಕೂರುತ್ತಾನೆ, ಕಡತ ತಿರುವುತ್ತಾನೆ, ಬಂದವರೊಡನೆ ಅವನೇ ಮಾತಾಡುತ್ತಾನೆ. ಅಂಥ ಕಡೆ ಎದ್ದು ಹೋಗಿ ಎಂದು ಅವನಿಗೆ ಹೇಳಬೇಕಾದವರು ಗ್ರಾಮಸಭೆಗೆ ಬಂದ ಜನ. ಆ ಸಭೆ ಆರು ತಿಂಗಳಿಗೊಮ್ಮೆಯಾದರೂ ಸೇರಲೇಬೇಕೆಂದು ಕಾನೂನೇ ಹೇಳುತ್ತದೆ. ಜಮಾಖರ್ಚು ಓದಿಸಿ ಕೇಳುವ ಹಕ್ಕು ಅಲ್ಲಿ ಕೂತ ಪ್ರತಿಯೊಬ್ಬ ಮತದಾರನಿಗೂ ಇದೆ, ಕಾಲೊನಿಯ ನಲ್ಲಿಯಲ್ಲಿ ಮೂರು ದಿನದಿಂದ ನೀರಿಲ್ಲ ಎಂದು ಹೇಳಲು ಬಂದ ಹೆಂಗಸಿಗೂ ಇದೆ.