ಚೀಲದ ಲೆಕ್ಕ, ಹೊಟ್ಟೆಯ ಲೆಕ್ಕ

ಸೊಸೈಟಿ ಅಕ್ಕಿ ಕಾಳಸಂತೆಗೆ ಹೋಯ್ತು, ಅಂಗಡಿಯವನ ಮೇಲೆ ಕೇಸಾಯ್ತು ಅಂತ ಪೇಪರಿನಲ್ಲಿ ನಾಕು ಸಾಲು ಬರುತ್ತದೆ. ಆ ಕೇಸು ಏನಾಯಿತು, ಆ ತಿಂಗಳು ಕೇರಿಯ ಒಲೆ ಹೇಗೆ ಉರಿಯಿತು ಅಂತ ಮತ್ತೆ ಯಾರೂ ಬರೆಯೋದಿಲ್ಲ. ಈ ನಾಕು ಸಾಲಿನ ಹಿಂದೆ ಒಂದು ಚರಿತ್ರೆ ಇದೆ. ಅದನ್ನು ನಾವೇ ಓದಿಕೊಳ್ಳಬೇಕು.

1943ರಲ್ಲಿ ಬಂಗಾಳ ಹಸಿದು ಸತ್ತಿತು. ಸರ್ಕಾರವೇ ನೇಮಿಸಿದ ಆಯೋಗ ಸತ್ತವರು 15 ಲಕ್ಷ ಎಂದಿತು. ಆಮೇಲಿನ ಅಂದಾಜುಗಳು 30 ಲಕ್ಷದವರೆಗೂ ಹೋಗುತ್ತವೆ. ಸತ್ತವರಲ್ಲಿ ಹೆಚ್ಚಿನವರು ಭೂಮಿಯಿಲ್ಲದ ಕೂಲಿಗಳು, ಮೀನುಗಾರರು. ಉಳ್ಳವರ ಕಣಜ ಮಾತ್ರ ತುಂಬಿತ್ತು. ಯುದ್ಧಕಾಲದ ನಿಯಂತ್ರಣಗಳು 1946ರ ತಾತ್ಕಾಲಿಕ ಕಾಯ್ದೆಯಾಗಿ ಮುಂದುವರಿದವು. ಅದರ ಜಾಗಕ್ಕೆ 1955ರಲ್ಲಿ ಅವಶ್ಯಕ ವಸ್ತುಗಳ ಕಾಯ್ದೆ ಬಂತು. ರೇಷನ್ ಅಂಗಡಿಯವನ ಮೇಲೆ ಕ್ರಿಮಿನಲ್ ಕೇಸು ನಿಲ್ಲುವುದು ಇದರ 7ನೇ ಕಲಮಿನ ಮೇಲೆ. ದಾಸ್ತಾನು ಪುಸ್ತಕದಲ್ಲಿ ಇರುವ ಚೀಲ ಅಂಗಡಿಯಲ್ಲಿ ಇಲ್ಲದಿದ್ದರೆ ತಪ್ಪು. ಪುಸ್ತಕದಲ್ಲಿ ಇಲ್ಲದ ಚೀಲ ಅಂಗಡಿಯಲ್ಲಿ ಇದ್ದರೂ ತಪ್ಪು. ಅದು ಯಾರಿಗೋ ಕೊಟ್ಟೆ ಅಂತ ಬರೆದು ಕೊಡದೇ ಉಳಿಸಿಕೊಂಡಿದ್ದಿರಬಹುದು.

ಸರಿ, ದೂರು ಕೊಡೋರು ಯಾರು? 11ನೇ ಕಲಮಿನ ಪ್ರಕಾರ ಸರ್ಕಾರಿ ನೌಕರ ಬರೆದುಕೊಟ್ಟ ವರದಿ ಇಲ್ಲದೆ ಕೋರ್ಟು ಕೇಸನ್ನೇ ಎತ್ತಿಕೊಳ್ಳುವಂತಿರಲಿಲ್ಲ. ಅಕ್ಕಿ ಕಳಕೊಂಡ ಅವ್ವನಿಗೆ ನೇರವಾಗಿ ಕೋರ್ಟಿನ ಬಾಗಿಲು ಇರಲಿಲ್ಲ. ನೊಂದವರೂ ಬಳಕೆದಾರರ ಸಂಘಗಳೂ ದೂರು ಕೊಡಬಹುದು ಅಂತ ಸೇರಿಸಿದ್ದು 1986ರ ತಿದ್ದುಪಡಿ. ಹಸಿದವನ ಮಾತು ದೂರು ಎನ್ನಿಸಿಕೊಳ್ಳೋಕೆ 31 ವರ್ಷ ಬೇಕಾಯಿತು.

ಇನ್ನೊಂದು ಕಡೆ ಆರೋಪಿಯ ಮನಸ್ಸಿನ ಬಗ್ಗೆ ದೊಡ್ಡ ಚರ್ಚೆ ನಡೆಯಿತು. ಮಧ್ಯಪ್ರದೇಶದ ಧಾರ್‌ನಲ್ಲಿ ಒಬ್ಬ ಧಾನ್ಯ ವ್ಯಾಪಾರಿ ಲೈಸೆನ್ಸ್ ಇಲ್ಲದೆ 885 ಮಣಕ್ಕೂ ಮಿಕ್ಕಿ ಗೋಧಿ ಇಟ್ಟಿದ್ದ. ಅರ್ಜಿ ಹಾಕಿದ್ದೆ, ಸಿಗುತ್ತೆ ಅಂತ ನಂಬಿದ್ದೆ ಎಂದ. 1965ರಲ್ಲಿ ಸುಪ್ರೀಂ ಕೋರ್ಟು ಕೆಟ್ಟ ಉದ್ದೇಶ ಇಲ್ಲದೆ ಅಪರಾಧವಿಲ್ಲ ಎಂದು ಬಿಟ್ಟಿತು. ಆ ಮಾತಿನಲ್ಲಿ ನ್ಯಾಯ ಇಲ್ಲದಿಲ್ಲ. ಆದರೆ ಅದೇ ಮಾತು ನಿಜವಾದ ಕಳ್ಳನಿಗೂ ಕೊಡೆಯಾಗಬಹುದಿತ್ತು. 1967ರಲ್ಲಿ ತಿಳಿದು ಮಾಡಿದರೂ ತಿಳಿಯದೆ ಮಾಡಿದರೂ ತಪ್ಪೇ ಅಂತ ಕಾಯ್ದೆ ತಿದ್ದಿದರು. 1974ರಲ್ಲಿ ಅದನ್ನು ಬಿಟ್ಟು, ಕೆಟ್ಟ ಉದ್ದೇಶ ಇತ್ತು ಎಂದೇ ಕೋರ್ಟು ಭಾವಿಸಬೇಕು, ಇರಲಿಲ್ಲ ಅಂತ ಆರೋಪಿಯೇ ತೋರಿಸಬೇಕು ಎಂದರು. ಶಿಕ್ಷೆ ಮೂರು ತಿಂಗಳಿಂದ ಏಳು ವರ್ಷ. 1980ರಲ್ಲಿ ಕಾಳಸಂತೆಯವರನ್ನು ವಿಚಾರಣೆಯಿಲ್ಲದೆ ಆರು ತಿಂಗಳವರೆಗೆ ಬಂಧಿಸಿಡುವ ಕಾಯ್ದೆ. 1981ರ ಕಾಯ್ದೆಯಿಂದ ವಿಶೇಷ ಕೋರ್ಟುಗಳು.

ಕಾಯ್ದೆಯ ಹಲ್ಲು ಹರಿತವಾಗುತ್ತಲೇ ಹೋಯಿತು. ಕಚ್ಚುವುದು ಯಾರನ್ನು? ಗೋದಾಮು, ಲಾರಿ, ಅಂಗಡಿ ಅಂತ ಧಾನ್ಯದ ದಾರಿ ಉದ್ದ. ಸಿಕ್ಕಿಬೀಳೋನು ಕೊನೇ ಬಾಗಿಲಲ್ಲಿ ಕೂತವನು. ಮಹಜರಿಗೆ ಸಾಕ್ಷಿ ಹಾಕೋನು ಕೇರಿಯವನಾದರೆ ನಾಳೆ ಅದೇ ಅಂಗಡಿ ಮುಂದೆ ಚೀಲ ಹಿಡಿದು ನಿಲ್ಲಬೇಕು, ಅದೇ ಊರಗೌಡನ ಹೊಲದಲ್ಲಿ ಕೂಲಿ ಮಾಡಬೇಕು. ಅವನ ನಾಲಿಗೆ ಕೋರ್ಟಿನಲ್ಲಿ ಹೊರಳಿದರೆ ಅದನ್ನು ಬರೀ ಪುಕ್ಕಲುತನ ಅನ್ನೋಣವೇ?

ಮುಟ್ಟುಗೋಲಿನ ಕಥೆ ಇನ್ನೂ ಸೋಜಿಗದ್ದು. 6ಎ ಕಲಮಿನಲ್ಲಿ ಜಿಲ್ಲಾಧಿಕಾರಿ ಹಿಡಿದ ಧಾನ್ಯವನ್ನು ಮಾರಿಸಬಹುದು. ಆರೋಪಿ ಖುಲಾಸೆಯಾದರೆ ಅದರ ಬೆಲೆ ಬಡ್ಡಿ ಸಮೇತ ಅವನಿಗೆ. ಶಿಕ್ಷೆಯಾದರೆ ಸರ್ಕಾರಕ್ಕೆ. ಅಕ್ಕಿ ಸಿಗದವನಿಗೆ ಎರಡರಲ್ಲೂ ಏನೂ ಇಲ್ಲ.

ಈ ಬರಿಗೈ ಒಮ್ಮೆ ಮುಷ್ಟಿಯಾಯಿತು. 2007ರಲ್ಲಿ ಪಶ್ಚಿಮ ಬಂಗಾಳದ ಬಾಂಕುರಾ, ಬೀರಭೂಮ್, ಬರ್ಧಮಾನ್ ಜಿಲ್ಲೆಗಳ ಹಳ್ಳಿಗರು ಡೀಲರುಗಳ ಬಾಗಿಲಿಗೆ ಹೋಗಿ ಕದ್ದ ಧಾನ್ಯಕ್ಕೆ ದಂಡ ಕೇಳಿದರು. 1943ರಲ್ಲಿ ಸತ್ತ ನೆಲವೇ ಅದು.

2013ರ ಆಹಾರ ಭದ್ರತಾ ಕಾಯ್ದೆ ತಲೆಗೆ ತಿಂಗಳಿಗೆ ಐದು ಕೆಜಿ ಧಾನ್ಯವನ್ನು ಹಕ್ಕು ಎಂದಿತು. ಕೊಡದಿದ್ದರೆ ಸರ್ಕಾರ ಭತ್ಯೆ ಕೊಡಬೇಕು ಅಂತ ಅದರ 8ನೇ ಕಲಮು ಹೇಳುತ್ತದೆ. ಹಾಗಾದರೆ ದಾಸ್ತಾನು ಕಡಿಮೆ ಬಂದ ಪ್ರತಿ ಮಹಜರಿನಲ್ಲೂ ಇನ್ನೊಂದು ಪಟ್ಟಿ ಇರಬೇಕು: ಆ ತಿಂಗಳು ಯಾವ ಮನೆಗಳಿಗೆ ಎಷ್ಟು ಕೆಜಿ ತಪ್ಪಿತು ಅಂತ. ಅಂಗಡಿಯವನ ಕೇಸು ಹತ್ತು ವರ್ಷ ನಡೆಯಲಿ; ಆ ಪಟ್ಟಿಯ ಭತ್ಯೆ ಮುಂದಿನ ತಿಂಗಳೇ ಬರಬೇಕು. ಗೆಳೆಯರೇ, ಇದು ಭಿಕ್ಷೆಯಲ್ಲ. ತಹಶೀಲ್ದಾರರ ಮೇಜಿನ ಮೇಲೆ ನಾವು ಇಡಬೇಕಾದ ಮೊದಲ ಅರ್ಜಿ ಇದು.